ಉಗುಳಿಗೊಂದು ಸಹಿ

ಮೇಲೂರಿನ ಅಮ್ಮಾಜಮ್ಮ ಮಾಡಿಸಿದಷ್ಟು ಮದುವೆಗಳನ್ನು ಆ ಸೀಮೆಯ ಯಾವ ಪುರೋಹಿತನೂ ಮಾಡಿಸಿಲ್ಲ. ದಿನಕ್ಕೆ ಎರಡು ಸಾವಿರ, ಕೆಲಸದ ಒತ್ತಡವಿದ್ದರೆ ಮೂರು ಸಾವಿರ. ಓಲಗವಿಲ್ಲ, ಊಟವಿಲ್ಲ, ಬೀಗರ ಮುನಿಸಂತೂ ಇಲ್ಲವೇ ಇಲ್ಲ. ಏಕೆಂದರೆ ಹೆಣ್ಣೂ ಗಂಡೂ ಎರಡೂ ರೇಷ್ಮೆ ಚಿಟ್ಟೆಗಳು.

ಶಿಡ್ಲಘಟ್ಟದ ಒಂದು ಖಾಸಗಿ ಬಿತ್ತನೆ ಕೋಠಿಯಲ್ಲಿ, ಅಂದರೆ ರೇಷ್ಮೆ ಹುಳುವಿನ ಮೊಟ್ಟೆ ತಯಾರಿಸಿ ರೈತರಿಗೆ ಕೊಡುವ ಜಾಗದಲ್ಲಿ, ಆಕೆ ಮೂವತ್ತೊಂಬತ್ತು ವರ್ಷ ದುಡಿದಳು. ಬೆಳಕು ಹರಿಯುವ ಹೊತ್ತಿಗೆ ಚಿಟ್ಟೆಗಳು ಗೂಡು ತೂತು ಮಾಡಿಕೊಂಡು ಈಚೆ ಬರುತ್ತವೆ. ಗಂಡು ಮೊದಲು ಬರುತ್ತದೆ. ಬಂದದ್ದೇ ರೆಕ್ಕೆ ಬಡಿಯುತ್ತ ಗಿರಗಿರನೆ ಸುತ್ತಿ, ಪಕ್ಕದಲ್ಲಿ ಯಾವ ಹೆಣ್ಣು ಸಿಕ್ಕಿದರೂ ಅಂಟಿಕೊಳ್ಳುತ್ತದೆ. ಒಡಹುಟ್ಟಿದವಳೋ ಪರರ ಮನೆಯವಳೋ ಎಂಬ ನಾಚಿಕೆ ಅದಕ್ಕಿಲ್ಲ. ಅಷ್ಟರೊಳಗೆ ಹೆಣ್ಣನ್ನು ಒಂದು ತಟ್ಟೆಗೆ, ಗಂಡನ್ನು ಇನ್ನೊಂದು ತಟ್ಟೆಗೆ ಹಾಕಿಬಿಡಬೇಕು. ಆಮೇಲೆ ಮೈಸೂರು ತಳಿಯ ಹೆಣ್ಣಿಗೆ ಬಿಳಿ ಗೂಡಿನ ತಳಿಯ ಗಂಡನ್ನು ತಂದು ಬಿಡಬೇಕು. ಬೇರೆ ಬೇರೆ ತಳಿ ಕೂಡಿದರೆ ಹುಳು ಗಟ್ಟಿ, ಗೂಡು ದಪ್ಪ. ಒಂದು ಬೆಳಿಗ್ಗೆ ಕೈ ತಡವಾಗಿ ಅಣ್ಣ ತಂಗಿ ಜೋಡಿಯಾದವೋ, ಆ ತಟ್ಟೆ ಒಲೆಗೆ. ಈ ವಿಷಯದಲ್ಲಿ ಅಮ್ಮಾಜಮ್ಮ ಬಲು ಕಟ್ಟುನಿಟ್ಟು. ಹೊಸದಾಗಿ ಸೇರಿದ ಹೆಂಗಸರ ಬೆರಳಿಗೆ ಆಕೆ ಹಂಚಿಕಡ್ಡಿಯಲ್ಲಿ ಬಾರಿಸಿದ್ದುಂಟು.

ಇಷ್ಟೆಲ್ಲ ಕಟ್ಟುನಿಟ್ಟಿನ ಅಮ್ಮಾಜಮ್ಮನ ಸ್ವಂತ ಮದುವೆಯನ್ನು ಕೋಠಿಯ ಕಣ್ಣಿನಲ್ಲಿ ನೋಡಿದರೆ ಆ ತಟ್ಟೆಯೂ ಒಲೆಗೆ ಹೋಗಬೇಕಿತ್ತು. ಆಕೆಯ ಗಂಡ ವೆಂಕಟರಾಮಪ್ಪ ಆಕೆಯ ತಾಯಿಯ ಸ್ವಂತ ತಮ್ಮ. ಹೀಗಾಗಿ ಅತ್ತೆ ಗಂಗುಲಮ್ಮನೇ ಆಕೆಗೆ ಅಜ್ಜಿಯೂ ಹೌದು. ಗಂಡನನ್ನು ಚಿಕ್ಕಂದಿನಿಂದ 'ಮಾವ' ಎಂದು ಕರೆದು, 'ನೀನು' ಎಂದು ಮಾತಾಡಿ ರೂಢಿಯಾದ ಬಾಯಿ ಮದುವೆಯಾದ ಮೇಲೂ ಬದಲಾಗಲಿಲ್ಲ. ತಪ್ಪೇನೂ ಇಲ್ಲ ಬಿಡಿ, ಆ ಸೀಮೆಯಲ್ಲಿ ಅಕ್ಕನ ಮಗಳನ್ನು ಬಿಟ್ಟು ಹೊರಗಿನ ಹೆಣ್ಣು ತಂದರೆ, ಹುಡುಗನಲ್ಲೇ ಏನೋ ಐಬಿರಬೇಕು ಎನ್ನುವ ಕಾಲವೊಂದಿತ್ತು.

ಅವರಿಗೆ ಮೂರು ಮಕ್ಕಳು. ದೊಡ್ಡವಳು ಅನಸೂಯಮ್ಮ. ಅಮ್ಮಾಜಮ್ಮನಿಗೆ ತಮ್ಮಂದಿರಿಲ್ಲದ ಕಾರಣ ಅವಳಿಗೆ ಸೋದರಮಾವ ಸಿಗದೆ, ಜಂಗಮಕೋಟೆಯಲ್ಲಿ ಹೊರಗಿನ ಸಂಬಂಧಕ್ಕೆ ಕೊಟ್ಟರು. ಎರಡನೆಯವನು ಭಾನುಪ್ರಕಾಶ್. ಹುಟ್ಟು ಕಿವುಡ. ಮೂರನೆಯವನು ಮೋಹನ್‌ಬಾಬು, ಗೌರಿಬಿದನೂರಿನ ಒಂದು ಗೊಬ್ಬರದ ಅಂಗಡಿಯಲ್ಲಿ ಕೆಲಸ, ರೈಲಿನಲ್ಲೂ ಬಸ್ಸಿನಲ್ಲೂ ಅರ್ಧ ಆಯಸ್ಸು.

ಭಾನು ಕಿವುಡನೆಂದು ಗೊತ್ತಾದ ದಿನವೇ ಗಂಗುಲಮ್ಮ ಕಾರಣವನ್ನೂ ಪತ್ತೆ ಮಾಡಿದ್ದಳು. ಕೋಠಿಯಲ್ಲಿ ತಾಯಿ ಚಿಟ್ಟೆ ಮೊಟ್ಟೆ ಇಟ್ಟ ಮೇಲೆ ಅದನ್ನು ಪುಟ್ಟ ಒರಳಿನಲ್ಲಿ ಕುಟ್ಟಿ, ತಾಯಿಯಿಂದ ಮೊಟ್ಟೆಗೆ ಅಂಟುವ ಗಂಟುರೋಗ ಇದೆಯೇ ಎಂದು ಸೂಕ್ಷ್ಮದರ್ಶಕದಲ್ಲಿ ನೋಡುತ್ತಾರೆ. ಕುಟ್ಟುವ ಕೆಲಸ ಅಮ್ಮಾಜಮ್ಮನದು. "ಹೆತ್ತ ತಾಯಿ ಚಿಟ್ಟೇನ ಬಸುರಿ ಹೆಂಗಸು ಕುಟ್ಟಿದಳು. ಅದರ ಶಾಪ ಮಗುವಿನ ಕಿವಿಗೆ ತಗುಲ್ತು" ಎಂದು ಮುದುಕಿ ತೀರ್ಪು ಕೊಟ್ಟಳು. ಮೇಲ್ಮನವಿಗೆ ಅವಕಾಶವಿರಲಿಲ್ಲ. ಹನ್ನೆರಡು ವರ್ಷದ ಹಿಂದೆ ಮುದುಕಿ ಸತ್ತು ಗೋಡೆಯ ಮೇಲೆ ಫೋಟೋ ಆದಳು, ತೀರ್ಪು ಮಾತ್ರ ಸಾಯಲಿಲ್ಲ. ಮಕ್ಕಳ ವಿಷಯದಲ್ಲಿ ಅಮ್ಮಾಜಮ್ಮ ಬಾಯಿ ತೆರೆದಳೋ, ವೆಂಕಟರಾಮಪ್ಪ ಭಾನುವಿನ ಕಡೆ ಒಂದು ಸಲ ನೋಡುತ್ತಿದ್ದ, ಅಷ್ಟೇ. ಕೋಠಿಯಲ್ಲಿ ಮೂವತ್ತು ಹೆಂಗಸರನ್ನು ಗದರಿಸುತ್ತಿದ್ದವಳು ಮನೆಯಲ್ಲಿ ಸಾರಿಗೆ ಉಪ್ಪು ಹಾಕಲೋ ಬೇಡವೋ ಎಂದು ಕೇಳುವ ಸ್ಥಿತಿಗೆ ಬಂದಿದ್ದಳು. ಆಕೆಯೂ ಅದನ್ನು ನಂಬಿದ್ದಳು, ಸಂಕಟದ ವಿಷಯ ಅದು. ಚಿಟ್ಟೆ ಕುಟ್ಟಿದ ಕೈಯನ್ನು ಎಷ್ಟೋ ಸಲ ತಿರುಗಿಸಿ ನೋಡಿಕೊಂಡು ಅತ್ತಿದ್ದಳು.

ಭಾನು ಅಮ್ಮನನ್ನು ಕರೆಯುವ ಸನ್ನೆಯೂ ಅದೇ ಆಗಿತ್ತು. ಎಡ ಅಂಗೈ ಮೇಲೆ ಬಲಗೈ ಮುಷ್ಟಿಯಲ್ಲಿ ಎರಡು ಸಲ ಕುಟ್ಟುವುದು.

ಹೋದ ವರ್ಷ ಶ್ರಾವಣದಲ್ಲಿ ವೆಂಕಟರಾಮಪ್ಪ ಮುದ್ದೆ ಮುರಿಯುತ್ತ ಒಂದು ಸುದ್ದಿ ಹೇಳಿದ. ಅನಸೂಯಮ್ಮನ ಮಗಳು ಕಲ್ಯಾಣಿಯನ್ನು ಮೋಹನ್‌ಬಾಬುಗೆ ತಂದುಕೊಳ್ಳುವುದು. ತೊಟ್ಟಿಲಿಗೆ ಹಾಕಿದ ದಿನವೇ ಆಡಿದ ಮಾತು, ಮಾರ್ಗಶಿರದಲ್ಲಿ ಎಲೆಅಡಿಕೆ ಶಾಸ್ತ್ರ. ಮೋಹನನಿಗೆ ಮೂವತ್ತೊಂದು, ಕಲ್ಯಾಣಿಗೆ ಇಪ್ಪತ್ತೆರಡು. ಚಿಕ್ಕಬಳ್ಳಾಪುರದಲ್ಲಿ ಬಿಎಡ್ ಓದುತ್ತಿದ್ದ ಹುಡುಗಿ ಆ ಭಾನುವಾರವೇ ಬಂದು, ಹಿತ್ತಿಲಲ್ಲಿ ರಾಗಿ ಕೇರುತ್ತಿದ್ದ ಅಜ್ಜಿಯ ಪಕ್ಕ ಕುಕ್ಕರಿಸಿದಳು.

"ಅಜ್ಜಿ, ನಾನು ಇಲ್ಲಿದ್ದು ಓದೋವಾಗ ಮೋಹನ್ ಮಾವ ನನ್ನ ಮೂಗು ಒರೆಸಿ ಸ್ಕೂಲಿಗೆ ಬಿಟ್ಟೋರು. ನಂಗೆ ಅಣ್ಣ ಇದ್ದಂಗೆ. ಅವರನ್ನ ಹೆಂಗೆ ಮದುವೆ ಆಗ್ಲಿ?"

"ಅದನ್ನ ನಿಮ್ಮ ತಾತನ ಹತ್ರ ಹೇಳಮ್ಮ."

"ಹೇಳ್ದೆ. ನಿಮ್ಮಜ್ಜಿ ಮೂಗು ನಾನೂ ಒರೆಸಿದೀನಿ ಅಂದ್ರು."

ಅದು ನಿಜವೇ ಆಗಿತ್ತು. ಅಮ್ಮಾಜಮ್ಮ ಮೊರವನ್ನು ಕೆಳಗಿಟ್ಟಳು.

"ಅಪ್ಪ ಅಮ್ಮ ಇಬ್ರೂ ತಾತನ ಮಾತಿಗೆ ತಲೆ ಆಡಿಸ್ತಾರೆ. ನೀನೇ ಏನಾದ್ರೂ ಮಾಡಜ್ಜಿ" ಎಂದು ಹುಡುಗಿ ಕಣ್ಣೊರೆಸಿಕೊಂಡಳು. ಮಾಡುತ್ತೇನೆ ಎನ್ನಲು ಅಮ್ಮಾಜಮ್ಮನಿಗೆ ಬಾಯಿ ಬರಲಿಲ್ಲ. ಚಿಟ್ಟೆ ಕುಟ್ಟಿ ಮಗನ ಕಿವಿ ಕಳೆದವಳ ಮಾತನ್ನು ಆ ಮನೆಯಲ್ಲಿ ಯಾರು ಕೇಳುತ್ತಾರೆ?

ಇಂಥ ಹೊತ್ತಿನಲ್ಲಿ ತನುಜ ಬಂದಳು. ಬೆಂಗಳೂರಿನ ಒಂದು ಸಂಶೋಧನಾ ಸಂಸ್ಥೆಯವಳು, ಮೂವತ್ತರ ಆಸುಪಾಸು, ಹೆಗಲಿಗೆ ದೊಡ್ಡ ಚೀಲ. ಕಿವುಡುತನ ಕೆಲವು ಮನೆತನಗಳಲ್ಲಿ ಯಾಕೆ ಬರುತ್ತದೆ ಎಂದು ಹುಡುಕುವುದು ಅವಳ ಕೆಲಸ. ಶಿಡ್ಲಘಟ್ಟದ ಉಸ್ಮಾನ್ ಸಾಬರ ಫಿಲೇಚರಿನಲ್ಲಿ, ಅಂದರೆ ಗೂಡಿನಿಂದ ನೂಲು ಬಿಚ್ಚುವ ಕಡೆ, ಭಾನುವಿಗೆ ಕೆಲಸ. ಆ ಯಂತ್ರಗಳ ಗದ್ದಲಕ್ಕೆ ಉಳಿದವರಿಗೆಲ್ಲ ತಲೆನೋವು, ಭಾನುವಿಗೆ ಮಾತ್ರ ಪರಮಶಾಂತಿ. ಅಲ್ಲಿ ಅವನನ್ನು ಕಂಡ ತನುಜಳಿಗೆ ಸಾಬರೇ ಮನೆಯ ದಾರಿ ಹೇಳಿ ಕಳಿಸಿದ್ದರು.

ಜಗಲಿಯ ಮೇಲೆ ಕೂತು ಅವಳು ವಂಶದ ನಕ್ಷೆ ಬರೆಯತೊಡಗಿದಳು. ಗಂಡಸಿಗೆ ಚೌಕ, ಹೆಂಗಸಿಗೆ ಸೊನ್ನೆ. "ನಿಮ್ಮ ಅತ್ತೆ ಹೆಸರೇನಮ್ಮ?" ಗಂಗುಲಮ್ಮ. "ನಿಮ್ಮ ತಾಯಿಯ ತಾಯಿ?" ಗಂಗುಲಮ್ಮ. "ಅತ್ತೆ ಹೆಸರು ಬರ್ಕೊಂಡೆ, ನಾನು ಕೇಳ್ತಿರೋದು ಅಜ್ಜಿ ಹೆಸರು." ಅದೇ ಗಂಗುಲಮ್ಮ. ತನುಜ ರಬ್ಬರು ತೆಗೆದು ಉಜ್ಜಿದಳು, ಮತ್ತೆ ಬರೆದಳು, ಮತ್ತೆ ಉಜ್ಜಿದಳು. ಕೊನೆಗೆ ಗಂಡ ಹೆಂಡತಿಯ ನಡುವೆ ಒಂದರ ಕೆಳಗೊಂದು ಎರಡು ಗೆರೆ ಎಳೆದಳು.

"ನಮಗ್ಯಾಕಮ್ಮ ಎರಡು ಗೆರೆ?"

"ಹತ್ತಿರದ ಸಂಬಂಧದಲ್ಲಿ ಮದುವೆ ಆದೋರಿಗೆ ಎರಡು ಹಾಕ್ತೀವಿ ಅಮ್ಮ."

"ಬಿಟ್ಟು ಹೋಗ್ದೆ ಇರ್ಲಿ ಅಂತೇನೋ" ಎಂದಳು ಅಮ್ಮಾಜಮ್ಮ. ತನುಜಳಿಗೆ ನಗು ತಡೆಯಲಾಗಲಿಲ್ಲ.

ಆಮೇಲೆ ಅವಳು ಪುಟ್ಟ ಕೊಳವೆಗಳನ್ನು ತೆಗೆದು, ಇದರಲ್ಲಿ ಉಗುಳಬೇಕು ಎಂದಾಗ ವೆಂಕಟರಾಮಪ್ಪ ಬೆಚ್ಚಿದ. ರಕ್ತ ಕೇಳಿದ್ದರೆ ಗಂಭೀರವಾಗಿ ಕೊಡುತ್ತಿದ್ದ. ಉಗುಳುವುದಕ್ಕೆ ಬೆಂಗಳೂರಿನಿಂದ ಬರಬೇಕೇ? "ನಮ್ಮ ಚಿಟ್ಟೇನೂ ಉಗುಳಿಂದ್ಲೇ ಗೂಡು ನೆನೆಸ್ಕೊಂಡು ಈಚೆ ಬರೋದು, ಸುಮ್ನೆ ಉಗಿ ಮಾವ" ಎಂದು ಅಮ್ಮಾಜಮ್ಮ ಸಮಾಧಾನ ಹೇಳಿದಳು. ತನುಜ ಒಪ್ಪಿಗೆ ಪತ್ರ ಓದಿ ಹೇಳಿ ಇಬ್ಬರ ಸಹಿಯನ್ನೂ ಪಡೆದ ಮೇಲೆ ಅವನು ಉಗಿದ. ಕೊಳವೆ ಕೆಂಪಗಾಯಿತು. ಬಾಯಲ್ಲಿ ಎಲೆಅಡಿಕೆ ಇತ್ತು. ಬಾಯಿ ತೊಳೆದು ಅರ್ಧ ಗಂಟೆ ಏನೂ ತಿನ್ನದೆ ಕೂರಿ ಎಂದರೆ, ಹತ್ತು ನಿಮಿಷಕ್ಕೆ ಅಭ್ಯಾಸಬಲದಿಂದ ಕೈ ತಾನಾಗಿ ಎಲೆಅಡಿಕೆ ಚೀಲಕ್ಕೆ ಹೋಗಿ ಮತ್ತೊಂದು ಎಲೆ ಮಡಚಿಕೊಂಡು ಬಂತು. ಎರಡನೆಯ ಕೊಳವೆಯೂ ಕೆಂಪು. ಮೂರನೆಯ ಸಲಕ್ಕೆ ಭಾನು ಅಪ್ಪನ ಎರಡೂ ಕೈ ಹಿಡಿದುಕೊಂಡು ಅರ್ಧ ಗಂಟೆ ಎದುರಿಗೆ ಕೂತ.

ಅಮ್ಮಾಜಮ್ಮನ ತಲೆಯಲ್ಲಿ ಆ ಹೊತ್ತಿಗೆ ಒಂದು ಉಪಾಯ ಹೊಳೆದಿತ್ತು. ತಾನು ಬೇಡ ಎಂದರೆ ಯಾರೂ ಕೇಳುವುದಿಲ್ಲ. ಕಾಗದ ಬೇಡ ಎಂದರೆ ಕೇಳುತ್ತಾರಲ್ಲ?

"ಮೋಹನಂದೂ ಕಲ್ಯಾಣೀದೂ ತಗೊಳ್ಳಮ್ಮ. ಅವರಿಬ್ಬರಿಗೂ ಮದುವೆ ಮಾಡಬೇಕು ಅಂತಾರೆ ನಮ್ಮನೇವ್ರು. ನೀನು ಆಗ್ಲೇ ಹೇಳಿದ್ಯಲ್ಲ, ಆ ಕಿವುಡಿನ ಬೀಜ ಇಬ್ಬರ ಮೈಯಲ್ಲೂ ಇದ್ರೆ ಮಕ್ಕಳಿಗೆ ತೊಂದ್ರೆ ಅಲ್ವಾ?"

"ಹೌದಮ್ಮ, ನೋಡ್ಬಹುದು" ಎಂದು ತನುಜ ಮಕ್ಕಳಿಗೂ ನಾಲ್ಕು ಪುಟದ ಒಪ್ಪಿಗೆ ಪತ್ರಗಳನ್ನು ತೆಗೆದಳು. ವೆಂಕಟರಾಮಪ್ಪ ಪೆನ್ನಿಗೆ ಕೈ ಚಾಚಿದ. "ಕೊಡಮ್ಮ ಇಲ್ಲಿ, ಮನೆ ಯಜಮಾನ ನಾನು. ಎಲ್ಲಾರದ್ದೂ ನಾನೇ ಮಾಡ್ತೀನಿ."

"ಆಗಲ್ಲ ಸರ್. ಅವರವರ ಉಗುಳಿಗೆ ಅವರವರೇ ಸಹಿ ಮಾಡ್ಬೇಕು. ಭಾನು ಅವರಿಗೆ ಸನ್ನೆ ಭಾಷೆ ಗೊತ್ತಿರೋರ ಕೈಲಿ ವಿವರಿಸಿ ಕೇಳ್ತೀನಿ. ಕಲ್ಯಾಣಿಗೆ ಹದಿನೆಂಟು ದಾಟಿದೆಯಲ್ಲ, ಅವರೇ ಓದಿ, ಇಷ್ಟ ಇದ್ರೆ ಮಾಡ್ಲಿ. ಇವತ್ತು ಹೂಂ ಅಂದು ನಾಳೆ ಬೇಡ ಅಂದ್ರೂ ವಾಪಸ್ ಕೊಟ್ಬಿಡ್ತೀವಿ."

"ಉಗುಳನ್ನಾ?" ಎಂದ ವೆಂಕಟರಾಮಪ್ಪ.

ಮುಂದಿನ ಭಾನುವಾರ ಕಲ್ಯಾಣಿ ಬಂದು ನಾಲ್ಕೂ ಪುಟ ಓದಿ, ಮೂರು ಪ್ರಶ್ನೆ ಕೇಳಿ, ಸಹಿ ಹಾಕಿದಳು. ಅದರದೊಂದು ಪ್ರತಿಯನ್ನು ಅವಳಿಗೇ ಕೊಟ್ಟರು. ಅಮ್ಮಾಜಮ್ಮ ಅದನ್ನು ಜೋಪಾನವಾಗಿ ಮಡಚಿ, ದೇವರ ಗೂಡಿನಲ್ಲಿ ಕುಂಕುಮದ ಬಟ್ಟಲ ಕೆಳಗಿಟ್ಟಳು.

ಕಾರ್ತಿಕ ಮಾಸದಲ್ಲಿ ತನುಜ ಫಲಿತಾಂಶ ಹೊತ್ತು ಬಂದಳು. ಅವರವರ ವಿಷಯವನ್ನು ಅವರವರಿಗೇ ಗುಟ್ಟಾಗಿ ಹೇಳಬೇಕಂತೆ. ಮೇಲೂರಿನಲ್ಲಿ ಗುಟ್ಟು ಹೇಳುವ ಜಾಗವೆಲ್ಲಿದೆ? ಹಸುವಿನ ಕೊಟ್ಟಿಗೆಯೇ ಗತಿಯಾಯಿತು. ಒಬ್ಬೊಬ್ಬರೂ ಸರದಿಯಲ್ಲಿ ಕೊಟ್ಟಿಗೆಗೆ ಹೋಗಿ ಬರುವುದನ್ನು ನೋಡಿ, ಎದುರುಮನೆಯವರು ಇವರ ಹಸು ಸೀರಿಯಸ್ಸು ಎಂದು ತಿಳಿದು ವಿಚಾರಿಸಲು ಬಂದರು.

ಅಮ್ಮಾಜಮ್ಮನ ಸರದಿ ಬಂತು. "ನೋಡಿ ಅಮ್ಮ, ಈ ಗುಣ ಜೋಡಿ ಪ್ರತಿಯಲ್ಲಿ ಬಂದ್ರೆ ಮಾತ್ರ ಕಿವಿ ಕೇಳ್ಸಲ್ಲ. ಒಂದೇ ಇದ್ರೆ ಏನೂ ಆಗಲ್ಲ. ನಿಮ್ಮಲ್ಲಿ ಒಂದಿದೆ. ವೆಂಕಟರಾಮಪ್ಪ ಅವರಲ್ಲೂ ಒಂದಿದೆ, ನಿಮಗೆ ಹೇಳ್ಬಹುದು ಅಂತ ಅವರೇ ಒಪ್ಪಿದ್ರು. ಎರಡೂ ಸೇರಿ ಭಾನುಗೆ ಬಂದಿದೆ."

ಅಮ್ಮಾಜಮ್ಮ ಹಸುವಿನ ಬೆನ್ನ ಮೇಲೆ ಕೈಯಿಟ್ಟು ನಿಂತಳು. "ಚಿಟ್ಟೆ ಕುಟ್ಟಿದ್ದಕ್ಕೆ ಬಂದಿದ್ದಲ್ವಾ?"

ತನುಜಳಿಗೆ ಮೊದಲು ಅರ್ಥವಾಗಲಿಲ್ಲ. ಪೂರ್ತಿ ಕೇಳಿದ ಮೇಲೆ ಅವಳ ಮುಖ ಚಿಕ್ಕದಾಯಿತು. "ಇಲ್ಲಮ್ಮ. ನಿಮ್ಮ ಕೈಯಿಂದ ಏನೂ ಆಗಿಲ್ಲ. ಇದು ನೀವು ಹುಟ್ಟೋಕೆ ಮುಂಚೇನೇ ನಿಮ್ಮ ಮನೆತನದಲ್ಲಿತ್ತು. ನಿಮ್ಮ ಅಜ್ಜಿ ತಾತ ಇಬ್ಬರಲ್ಲಿ ಒಬ್ಬರಿಂದ ಇಳಿದಿರಬೇಕು, ಒಂದು ದಾರೀಲಿ ಮಗನಿಗೆ, ಇನ್ನೊಂದು ದಾರೀಲಿ ಮಗಳ ಮೂಲಕ ನಿಮಗೆ. ಇಬ್ಬರಲ್ಲಿ ಯಾರು ಅಂತ ಹೇಳಕ್ಕಾಗಲ್ಲ."

"ನಾನು ಹೇಳ್ತೀನಿ. ನಮ್ಮ ತಾತ ಪಾಪದೋನು. ಅವಳದ್ದೇ."

ವಿಜ್ಞಾನಕ್ಕೆ ಸಾಧ್ಯವಾಗದ್ದನ್ನು ಹೀಗೆ ಒಂದು ಉಸಿರಿನಲ್ಲಿ ತೀರ್ಮಾನಿಸಿ ಆಕೆ ಕೊಟ್ಟಿಗೆಯಲ್ಲೇ ಕೂತು ಬಿಕ್ಕಿ ಬಿಕ್ಕಿ ಅತ್ತಳು. ಮೂವತ್ತೆಂಟು ವರ್ಷದ ಅಳು, ಬೇಗ ಮುಗಿಯುವಂಥದ್ದಲ್ಲ. ಹೊರಗೆ ಬಂದು ಭಾನುವಿಗೆ ಸನ್ನೆ ಮಾಡಿದಳು. ಅಂಗೈ ಮೇಲೆ ಮುಷ್ಟಿ ಕುಟ್ಟಿ, ಕಿವಿ ಮುಟ್ಟಿ, ಅಲ್ಲ ಅಲ್ಲ ಎಂದು ಕೈಯಾಡಿಸಿದಳು. ಭಾನು ಅಮ್ಮನ ತಲೆಯ ಮೇಲೊಂದು ಮೊಟಕಿ, ನಂಗೆ ಯಾವತ್ತೋ ಗೊತ್ತಿತ್ತು ಎಂಬಂತೆ ಮುಖ ಮಾಡಿದ. ಅವತ್ತು ಗಂಗುಲಮ್ಮನ ಫೋಟೋಗೆ ಹೂವು ಏರಲಿಲ್ಲ. ಇವತ್ತಿಗೂ ಏರಿಲ್ಲ.

ಆದರೆ ಉಪಾಯ ತಲೆಕೆಳಗಾಗಿತ್ತು. ಮೋಹನನಲ್ಲಿ ಒಂದು ಪ್ರತಿ ಇತ್ತು, ಕಲ್ಯಾಣಿಯಲ್ಲಿ ಒಂದೂ ಇರಲಿಲ್ಲ. ಕಲ್ಯಾಣಿ ಅದನ್ನು ಅಮ್ಮನಿಗೆ ಹೇಳಿದಳು, ಅನಸೂಯಮ್ಮ ಸಂತೋಷಕ್ಕೆ ತಡೆಯದೆ ಅಪ್ಪನಿಗೆ ಹೇಳಿದಳು. "ಇದೊಂದನ್ನ ಮಾತ್ರ ನೋಡಿರೋದು ಸರ್. ಹತ್ತಿರದ ಸಂಬಂಧದಲ್ಲಿ ನಮಗೆ ಗೊತ್ತಿಲ್ಲದ ಬೇರೆ ತೊಂದ್ರೆಗಳು ಇರ್ಬಹುದು" ಎಂದು ತನುಜ ಹೇಳುತ್ತಲೇ ಇದ್ದಳು. ವೆಂಕಟರಾಮಪ್ಪ ಮೊದಲ ವಾಕ್ಯದ ಅರ್ಧಕ್ಕೇ ಎದ್ದು ಹೋಗಿ, ಹಳ್ಳಿಕಟ್ಟೆಯಲ್ಲಿ ಸಾರಿಬಿಟ್ಟ. ಜಾತಕವೂ ಕೂಡಿದೆ, ಸೈನ್ಸೂ ಕೂಡಿದೆ, ಇನ್ನೇನು ಬೇಕು? ಅಲ್ಲಿಯವರೆಗೆ ಬರೀ ಸಂಪ್ರದಾಯವಾಗಿದ್ದದ್ದು ಈಗ ಬೆಂಗಳೂರಿನ ಠಸ್ಸೆ ಬಿದ್ದ ಸಂಪ್ರದಾಯವಾಯಿತು.

ಕಲ್ಯಾಣಿ ಅಜ್ಜಿಯ ಕಡೆ ನೋಡಲೂ ಇಲ್ಲ. ಬಸ್ಸು ಹತ್ತುವ ಮುಂಚೆ ಇಷ್ಟೇ ಹೇಳಿದಳು. "ನಂಗೆ ಇಷ್ಟ ಇಲ್ಲ ಅನ್ನೋದಕ್ಕೆ ಒಂದು ಕಾಯಿಲೆ ಇರ್ಲೇಬೇಕಾ ಅಜ್ಜಿ?"

ಆ ಮಾತು ಅಮ್ಮಾಜಮ್ಮನಿಗೆ ಚುಚ್ಚಿತು. ತಾನು ಮಾಡಿದ್ದೇನು? ಮಾತಾಡುವ ಧೈರ್ಯವಿಲ್ಲದೆ ಒಂದು ಕೊಳವೆಯ ಹಿಂದೆ ಬಚ್ಚಿಟ್ಟುಕೊಂಡದ್ದು.

ಮಾರ್ಗಶಿರದ ಒಂದು ಶುಕ್ರವಾರ ಎಲೆಅಡಿಕೆ ಶಾಸ್ತ್ರ. ಅಂಗಳಕ್ಕೆ ಚಪ್ಪರ, ಹಜಾರದಲ್ಲಿ ಜಮಖಾನ, ನೆಂಟರು ಸುಮಾರು ನಲವತ್ತು ಜನ. ಒಂದು ಲೆಕ್ಕದಲ್ಲಿ ಎರಡೂ ಕಡೆಯ ಬೀಗರು ಅವರೇ ಆದ್ದರಿಂದ ಯಾರು ಯಾವ ಪಕ್ಕ ಕೂರಬೇಕೆಂಬುದೇ ಅರ್ಧ ಗಂಟೆಯ ಚರ್ಚೆಯಾಯಿತು. ಕಲ್ಯಾಣಿಯನ್ನು ಹಸಿರು ಸೀರೆ ಉಡಿಸಿ ತಂದು ಕೂರಿಸಿದರು. ಮೋಹನ್‌ಬಾಬು ಹೊಸ ಪಂಚೆಯಲ್ಲಿ, ಹಲ್ಲು ಕೀಳಿಸಲು ಕೂತವನಂತೆ ಕೂತಿದ್ದ. ವೆಂಕಟರಾಮಪ್ಪ ತಟ್ಟೆ ಎತ್ತಿದ.

"ಒಂದು ನಿಮಿಷ ಇರು ಮಾವ" ಎಂದು ಅಮ್ಮಾಜಮ್ಮ ದೇವರ ಗೂಡಿನಿಂದ ಆ ಮಡಚಿದ ಕಾಗದ ತಂದಳು. ಕುಂಕುಮದ ಕಲೆಯಾಗಿತ್ತು. "ಇದು ಕಲ್ಯಾಣಿ ಸಹಿ ಮಾಡಿದ ಕಾಗದ. ನಾಲ್ಕು ಪುಟ ಐತೆ. ಯಾತಕ್ಕೆ ಅಂತ ಗೊತ್ತಾ? ಒಂದು ಚಮಚ ಉಗುಳಿಗೆ."

"ಈಗ್ಯಾಕೆ ಅದು? ಚಾಲು, ಒಳಗೆ ಹೋಗು" ಎಂದ ವೆಂಕಟರಾಮಪ್ಪ. ಸಿಟ್ಟು ಬಂದರೆ ಅವನ ಮಾತಿಗೆ ತೆಲುಗು ನುಸುಳಿ, ಸಾಕು ಎಂಬುದು ಚಾಲು ಆಗುತ್ತದೆ. ಅಭ್ಯಾಸದಂತೆ ಅವನ ಕಣ್ಣು ಭಾನುವಿನ ಕಡೆ ಹೊರಳಿತು.

"ಅವನ ಕಡೆ ನೋಡ್ಬೇಡ. ಅದರಲ್ಲಿ ನಿಂದೂ ಅರ್ಧ ಪಾಲೈತೆ. ಈಗ ನನ್ನ ಕಡೆ ನೋಡು. ಮೂವತ್ತೊಂಬತ್ತು ವರ್ಷ ನಾನು ದಿನಕ್ಕೆ ಎರಡು ಸಾವಿರ ಜೋಡಿ ಕಟ್ಟಿದೀನಿ. ಯಾವ ಹೆಣ್ಣನ್ನೂ ಕೇಳಿಲ್ಲ, ನಿಂಗೆ ಇಷ್ಟಾನಾ ಅಂತ. ಯಾಕಂದ್ರೆ ಅದು ಹುಳ. ಯಾವಳೋ ಗುರುತಿಲ್ಲದ ಹುಡುಗಿ ಬಂದು, ಇವಳ ಉಗುಳು ತಗೊಳ್ಳೋಕೆ ಓದಿಸಿ, ಕೇಳಿ, ಸಹಿ ಹಾಕಿಸ್ಕೊಂಡು, ಬೇಡ ಅಂದ್ರೆ ವಾಪಸ್ ಕೊಡ್ತೀನಿ ಅಂದ್ಳು. ನೀನು ತಾತ. ಇಡೀ ಹುಡುಗೀನೇ ತಗೋತಿದೀಯ. ಒಂದು ಮಾತು ಕೇಳಿದ್ಯಾ?"

ಅಮ್ಮಾಜಮ್ಮನ ಧ್ವನಿ ಈಗ ಕೋಠಿಯದಾಗಿತ್ತು. ಆಕೆ ಮೊಮ್ಮಗಳ ಮುಂದೆ ಕೂತು ಕೇಳಿದಳು. "ಹೇಳಮ್ಮ ಕಲ್ಯಾಣಿ. ಒಪ್ಪಿಗೇನಾ?"

"ಇಲ್ಲ ಅಜ್ಜಿ" ಎಂದಳು ಕಲ್ಯಾಣಿ, ಎಲ್ಲರಿಗೂ ಕೇಳುವ ಹಾಗೆ.

"ನೀನಪ್ಪ ಮೋಹನ?"

ಮೋಹನ್‌ಬಾಬು ಅಪ್ಪನ ಮುಖ ನೋಡಿದ, ಚಪ್ಪರ ನೋಡಿದ. "ನಂಗೂ ಬೇಡಮ್ಮ. ಇವಳಿಗೆ ನಾನು ಎರಡು ಜಡೆ ಹಾಕಿ ಕಳಿಸ್ತಿದ್ದೆ. ಯಾರೂ ಕೇಳ್ಲೇ ಇಲ್ಲ, ಅದಕ್ಕೆ ಸುಮ್ನಿದ್ದೆ" ಎಂದವನೇ ಮುಖ ಒರೆಸಿಕೊಂಡ. ಅನಸೂಯಮ್ಮ ಅಳುತ್ತ ಬಂದು ಮಗಳನ್ನು ತಬ್ಬಿಕೊಂಡಳು. ನೆಂಟರಿಗೆ ಏನು ಮಾಡಬೇಕೋ ತಿಳಿಯದೆ, ಅಡುಗೆ ಆಗಿದೆಯಲ್ಲ ಎಂದು ಯಾರೋ ನೆನಪಿಸಿದ್ದರಿಂದ ಎಲೆ ಹಾಕಿ ಊಟಕ್ಕೆ ಕೂತರು. ಮದುವೆ ನಿಂತ ಮನೆಯಲ್ಲಿ ಪಾಯಸ ಎರಡನೆಯ ಸಲ ಕೇಳಿದವರೂ ಇದ್ದರಂತೆ.

ವೆಂಕಟರಾಮಪ್ಪ ಊಟ ಮಾಡಲಿಲ್ಲ. ಎರಡು ದಿನ ಯಾರೊಂದಿಗೂ ಮಾತಾಡಲಿಲ್ಲ. ಮೂರನೆಯ ದಿನ ಸಾಯಂಕಾಲ, ಹಿತ್ತಿಲಲ್ಲಿ ಅವರೆಕಾಯಿ ಸುಲಿಯುತ್ತಿದ್ದ ಅಮ್ಮಾಜಮ್ಮನ ಎದುರಿಗೆ ಬಂದು ಕೂತ. ತಾನೂ ಒಂದು ಹಿಡಿ ಕಾಯಿ ತೆಗೆದುಕೊಂಡು ಸುಲಿಯತೊಡಗಿದ.

"ಅಮ್ಮಾಜಿ" ಎಂದ. ಆ ಹೆಸರಿನಿಂದ ಕರೆದು ಎಷ್ಟೋ ವರ್ಷವಾಗಿತ್ತು. "ಆವತ್ತು ನಿನ್ನ ಕೇಳಿದ್ದಿದ್ರೆ ಏನಂತಿದ್ದೆ?"

ಅಮ್ಮಾಜಮ್ಮ ಹಿಡಿದಿದ್ದ ಕಾಯನ್ನು ಮೊರಕ್ಕೆ ಹಾಕಿ, ಅವನ ಮುಖವನ್ನು ಮೊದಲ ಸಲ ನೋಡುವವಳಂತೆ ನೋಡಿದಳು.

"ನಲವತ್ಮೂರು ವರ್ಷ ಆದ್ಮೇಲೆ ಕೇಳ್ತಿದೀಯ ಮಾವ. ಯೋಚನೆ ಮಾಡೋಕೆ ಸ್ವಲ್ಪ ಟೈಮ್ ಕೊಡು."